ಸೆಟ್ಟಿನ ಮುಖ ಯಾವ ಕಡೆ?

ಮಹಾರಾಷ್ಟ್ರದ ಸಾಂಗಲಿ ಜಿಲ್ಲೆಯಲ್ಲಿ, ಕರ್ನಾಟಕದ ಗಡಿಗೆ ಹತ್ತಿದ ಜತ್ತ ತಾಲೂಕಿನ ನಮ್ಮ ಹಳ್ಳಿಗಳಲ್ಲಿ ಮನೆಮಾತು ಕನ್ನಡ, ಕಚೇರಿ ಮಾತು ಮರಾಠಿ, ಕ್ರಿಕೆಟ್ ಕಾಮೆಂಟ್ರಿ ಹಿಂದಿ ಮತ್ತು ಇಂಗ್ಲಿಷ್. ಈ ಸೀಮೆಯಲ್ಲಿ ರೇಡಿಯೋ ರಿಪೇರಿ ಮಾಡುತ್ತ, ರಿಪೇರಿಗೆ ಬಂದ ಸೆಟ್ಟುಗಳಲ್ಲೇ ಟೆಸ್ಟ್ ಮ್ಯಾಚು ಕೇಳುತ್ತ ವಯಸ್ಸಾದವನು ನಾನು. ಈಗಲೂ ಹುಡುಗರು ಅಟ್ಟದ ಮೇಲಿನ ಹಳೇ ಸೆಟ್ಟು ಹಿಡಿದುಕೊಂಡು ಬರುತ್ತಾರೆ. ‘ಕಾಕಾ, ಅಜ್ಜನ ರೇಡಿಯೋ ಐತ್ರಿ. ಮ್ಯಾಚ್ ಹತ್ತತೈತೇನ್ರಿ ಇದರಾಗ?’ ಹತ್ತತೈತಿ. ಆದರೆ ಟಿವಿ ಮುಂದೆ ಸುಮ್ಮನೆ ಕೂತರೆ ನಡೆಯುತ್ತದೆ, ರೇಡಿಯೋ ಮುಂದೆ ಕೂತವನಿಗೂ ಅರ್ಧ ಕೆಲಸವಿರುತ್ತದೆ. ಆ ಕೆಲಸದ ಬಗ್ಗೆ ನನಗೆ ತಿಳಿದಷ್ಟನ್ನು ಇಲ್ಲಿ ಬರೆದಿದ್ದೇನೆ.

1. ಮೊದಲು ದಿಕ್ಕು, ಆಮೇಲೆ ಮುಳ್ಳು.

ನಮ್ಮಲ್ಲಿ ಹೆಚ್ಚಿನವರು ಮೀಡಿಯಂ ವೇವ್ ಹಚ್ಚಿ, ಸರಿಯಾಗಿ ಕೇಳದಿದ್ದರೆ ಏರಿಯಲ್ ಕಡ್ಡಿಯನ್ನು ಉದ್ದಕ್ಕೆ ಎಳೆಯುತ್ತಾರೆ. ಆ ಕಡ್ಡಿ ಶಾರ್ಟ್ ವೇವಿಗೆ, ಎಫ್‌ಎಮ್ಮಿಗೆ. ಮೀಡಿಯಂ ವೇವಿನ ಏರಿಯಲ್ ಸೆಟ್ಟಿನ ಹೊಟ್ಟೆಯೊಳಗಿದೆ: ತಾಮ್ರದ ತಂತಿ ಸುತ್ತಿದ ಕಪ್ಪು ಫೆರೈಟ್ ಸರಳು, ಸಾಮಾನ್ಯವಾಗಿ ಸೆಟ್ಟಿನ ಉದ್ದಕ್ಕೇ ಮಲಗಿರುತ್ತದೆ. ಕೇಂದ್ರ ಇರುವ ದಿಕ್ಕಿಗೆ ಈ ಸರಳು ಅಡ್ಡವಾಗಿದ್ದರೆ ದನಿ ಜೋರು. ಸರಳಿನ ತುದಿ ಕೇಂದ್ರದ ಕಡೆಗಿದ್ದರೆ ದನಿ ಸತ್ತೇ ಹೋಗುತ್ತದೆ.

ಇದರಿಂದ ಜತ್ತದವರಿಗೆ ಒಂದು ದೊಡ್ಡ ಲಾಭವಿದೆ. ಧಾರವಾಡ ನಮಗೆ ಹೆಚ್ಚುಕಡಿಮೆ ನೆಟ್ಟಗೆ ದಕ್ಷಿಣಕ್ಕೆ, ನೇರ ಗೆರೆ ಎಳೆದರೆ 180 ಕಿಲೋಮೀಟರಿನ ಆಸುಪಾಸು. ಸಾಂಗಲಿ ಪಶ್ಚಿಮಕ್ಕೆ, 70 ಕಿಲೋಮೀಟರಿನ ಆಸುಪಾಸು. ಧಾರವಾಡ ಆಕಾಶವಾಣಿ 765 ಕಿಲೋಹರ್ಟ್ಸ್, 200 ಕಿಲೋವಾಟಿನ ಕೇಂದ್ರ. ಸಾಂಗಲಿ 1251 ಕಿಲೋಹರ್ಟ್ಸ್, 20 ಕಿಲೋವಾಟ್. ಸೆಟ್ಟಿನ ಮುಖವನ್ನು ದಕ್ಷಿಣಕ್ಕೋ ಉತ್ತರಕ್ಕೋ ಮಾಡಿ ಇಟ್ಟರೆ ಧಾರವಾಡ ತುಂಬಿ ಬರುತ್ತದೆ, ಸಾಂಗಲಿ ತಗ್ಗುತ್ತದೆ. ಸೆಟ್ಟನ್ನು ಕಾಲು ಸುತ್ತು ತಿರುಗಿಸಿದರೆ ಎಲ್ಲ ಉಲ್ಟಾ. ಎರಡು ರಾಜ್ಯದ ಎರಡು ಕೇಂದ್ರಗಳು ಹೀಗೆ ಹೆಚ್ಚುಕಡಿಮೆ ಲಂಬಕೋನದಲ್ಲಿ ಸಿಕ್ಕುವ ಊರು ಬಹಳ ಇರಲಿಕ್ಕಿಲ್ಲ. ಗಡಿಯಲ್ಲಿ ಹುಟ್ಟಿದ್ದಕ್ಕೆ ದೂರು ಹೇಳುವವರಿಗೆ ನಾನು ಇದನ್ನೇ ಹೇಳುತ್ತೇನೆ: ನೀರಿನ ವಿಷಯದಲ್ಲಿ ಎರಡೂ ಕಡೆಯವರು ನಮ್ಮನ್ನು ಕಾಯಿಸಿದರು, ಗಾಳಿಯ ವಿಷಯದಲ್ಲಿ ಎರಡೂ ಕಡೆಯಿಂದ ಪುಕ್ಕಟೆ ಸಿಕ್ಕಿತು.

ಹಳೆಯ ಸೆಟ್ಟುಗಳ ಪಟ್ಟಿಯ ಮೇಲೆ 60, 80, 120 ಅಂತ ಇರುತ್ತದೆ. ಅದರ ಮುಂದೆ ಒಂದು ಸೊನ್ನೆ ಸೇರಿಸಿ ಓದಬೇಕು. ಧಾರವಾಡ 80ಕ್ಕಿಂತ ಸ್ವಲ್ಪ ಹಿಂದೆ, ಸಾಂಗಲಿ 120 ದಾಟಿದ ಕೂಡಲೆ.

2. ಹಗಲಿನ ಗಾಳಿ ಬೇರೆ, ರಾತ್ರಿಯ ಗಾಳಿ ಬೇರೆ.

ಹಗಲು ಮೀಡಿಯಂ ವೇವ್ ನೆಲ ಹಿಡಿದು ಬರುತ್ತದೆ. ಸೂರ್ಯ ಮುಳುಗಿದ ಮೇಲೆ ಮೇಲಿನ ಆಕಾಶದ ಒಂದು ಪದರು ಕರಗುತ್ತದೆ, ಅಲ್ಲಿಯವರೆಗೆ ಅದು ನುಂಗುತ್ತಿದ್ದ ಅಲೆಗಳು ಇನ್ನೂ ಮೇಲಕ್ಕೆ ಹೋಗಿ ಬಡಿದು ವಾಪಸು ಬರುತ್ತವೆ. ಹಗಲು ಹತ್ತದ ಬೆಂಗಳೂರಿನ 612 ರಾತ್ರಿ ಹತ್ತುತ್ತದೆ, ಮುಂಬೈ, ಚೆನ್ನೈ ಹತ್ತುತ್ತವೆ. ಅದರ ಜೊತೆಗೆ ದನಿ ಏರುವುದು, ಇಳಿಯುವುದು, ಬೌಲರ್ ಓಡಿ ಬರುವಾಗ ಇದ್ದದ್ದು ಚೆಂಡು ಬಿಡುವಾಗ ಇಲ್ಲದಿರುವುದು ಕೂಡ ಬರುತ್ತದೆ. ಆಗ ಗುಂಡಿ ಮುಟ್ಟಬೇಡಿ. ಒಂದು ಓವರ್ ತಡೆದರೆ ಅದೇ ಮರಳಿ ಬರುತ್ತದೆ. ಮುಟ್ಟಿದವನು ಕೇಂದ್ರವನ್ನೇ ಕಳೆದುಕೊಂಡು ಮೂರು ಓವರ್ ಹುಡುಕುತ್ತಾನೆ.

ನಮ್ಮ ಕಡೆಯ ಒಬ್ಬ ಹುಡುಗ ಅಮೆರಿಕದಲ್ಲಿದ್ದಾನೆ. ಅಲ್ಲಿ ಬೇಸ್‌ಬಾಲ್ ಆಟಕ್ಕೂ ಇದೇ ಕತೆಯಂತೆ. ರೇಡಿಯೋದಲ್ಲಿ ಮೊದಲ ಬೇಸ್‌ಬಾಲ್ ಕಾಮೆಂಟ್ರಿ 1921ರಲ್ಲಿ, ಪಿಟ್ಸ್‌ಬರ್ಗಿನ ಕೆಡಿಕೆಎ ಕೇಂದ್ರದಿಂದ. ಸೇಂಟ್ ಲೂಯಿಸಿನ ಕೆಎಂಒಎಕ್ಸ್ 50 ಕಿಲೋವಾಟಿನ ಕೇಂದ್ರ. ರಾತ್ರಿ ಅದರ ದನಿ ಎಷ್ಟೋ ರಾಜ್ಯ ದಾಟುತ್ತಿದ್ದುದರಿಂದ, ಆ ಊರನ್ನು ಕಣ್ಣಲ್ಲಿ ಕಾಣದ ರೈತಮಕ್ಕಳು ಆ ಊರಿನ ಕಾರ್ಡಿನಲ್ಸ್ ತಂಡದ ಅಭಿಮಾನಿಗಳಾದರು. ಇದನ್ನು ಕೇಳಿ ನನಗೇನೂ ಆಶ್ಚರ್ಯವಾಗಲಿಲ್ಲ. ನಮ್ಮ ತಾಲೂಕಿನ ಉಮದಿ, ಸಂಖ ಕಡೆಯ ಎಷ್ಟೋ ಮಂದಿ ಬೆಂಗಳೂರು ನೋಡುವ ಮೊದಲೇ ಕರ್ನಾಟಕದ ಬ್ಯಾಟ್ಸ್‌ಮನ್ ವಿಶ್ವನಾಥರ ಸ್ಕ್ವೇರ್ ಕಟ್ ನೋಡಿದ್ದರು, ಕಿವಿಯಲ್ಲಿ.

3. ಗಡಿಯಾರವನ್ನು ದೇಶದ ಮೇಲೆ ಹೊಂದಿಸಿ.

ಭಾರತದಲ್ಲಿ ಟೆಸ್ಟ್ ಸಾಮಾನ್ಯವಾಗಿ ಬೆಳಿಗ್ಗೆ 9:30ಕ್ಕೆ. ಇಂಗ್ಲೆಂಡಿನಲ್ಲಿ ಬೇಸಿಗೆಯ ಆಟ ನಮಗೆ ಮಧ್ಯಾಹ್ನ 3:30ಕ್ಕೆ. ಮೆಲ್ಬರ್ನಿನಲ್ಲಿದ್ದರೆ ನಸುಕಿನ ಐದರ ಸುಮಾರಿಗೆ. ವೆಸ್ಟ್ ಇಂಡೀಸ್ ಇದ್ದರೆ ಸಂಜೆ ಶುರುವಾಗಿ ನಡುರಾತ್ರಿ ದಾಟುತ್ತದೆ. ತೋಟದ ಕೆಲಸವನ್ನು ಇದಕ್ಕೆ ಹೊಂದಿಸಿಕೊಂಡವರು ನನಗೆ ಗೊತ್ತು. ವೆಸ್ಟ್ ಇಂಡೀಸ್ ಸರಣಿಯಿದ್ದಾಗ ರಾತ್ರಿ ಪಾಳಿಯ ಕರೆಂಟಿಗೆ ನೀರು ಹಾಯಿಸಲು ಯಾರೂ ತಕರಾರು ಮಾಡುತ್ತಿರಲಿಲ್ಲ.

ಆಸ್ಟ್ರೇಲಿಯಾದ ಆಟಕ್ಕೆ ನಾವು ಶಾರ್ಟ್ ವೇವಿನಲ್ಲಿ ರೇಡಿಯೋ ಆಸ್ಟ್ರೇಲಿಯಾ ಹುಡುಕುತ್ತಿದ್ದೆವು. 1977–78ರ ಮೆಲ್ಬರ್ನ್ ಟೆಸ್ಟಿನಲ್ಲಿ ನಮ್ಮ ಸ್ಪಿನ್ನರ್ ಚಂದ್ರಶೇಖರ್ ಎರಡೂ ಇನಿಂಗ್ಸಿನಲ್ಲಿ 52 ರನ್ನಿಗೆ ಆರಾರು ವಿಕೆಟ್ ತೆಗೆದರು. ಎರಡನೇ ಸಲ ಅದೇ ಅಂಕಿ ಕೇಳಿದಾಗ ಹಿಂದಿನದನ್ನೇ ಮತ್ತೆ ಹೇಳುತ್ತಿದ್ದಾರೆ ಅಂತ ಹಲವರು ತಿಳಿದರು. ರೇಡಿಯೋ ಆಸ್ಟ್ರೇಲಿಯಾದ ಶಾರ್ಟ್ ವೇವ್ ಪ್ರಸಾರ 2017ರ ಜನವರಿ ಕೊನೆಗೆ ನಿಂತಿತು. ಈಗ ಅದನ್ನು ಹುಡುಕಬೇಡಿ.

4. ಕರೆಂಟ್ ಹೋದಾಗಲೇ ಒಳ್ಳೆಯ ಕಾಮೆಂಟ್ರಿ.

ಹುಡುಗರು ನಂಬುವುದಿಲ್ಲ, ಆದರೆ ಲೋಡ್‌ಶೆಡ್ಡಿಂಗ್ ಶುರುವಾದ ಗಳಿಗೆಗೆ ಮೀಡಿಯಂ ವೇವ್ ಕನ್ನಡಿಯಂತೆ ತಿಳಿಯಾಗುತ್ತದೆ. ಎಲ್ಇಡಿ ಬಲ್ಬು, ಮೊಬೈಲ್ ಚಾರ್ಜರ್, ಇನ್ವರ್ಟರ್, ಸೋಲಾರ್ ಪೆಟ್ಟಿಗೆ, ಹೊಲದ ಬೇಲಿಗೆ ಹಾಕುವ ಝಟಕಾ ಮಷೀನು ಎಲ್ಲವೂ ರೇಡಿಯೋದ ವೈರಿಗಳು. ಬಾವಿ ಮೋಟರಿನ ಸ್ಟಾರ್ಟರ್ ಹತ್ತುವಾಗ ಒಂದು ಬಾಲ್ ಹೋಗಿಯೇ ಹೋಗುತ್ತದೆ. ಸೆಟ್ಟನ್ನು ಗೋಡೆಯ ವೈರಿನಿಂದ ದೂರ ಇಡಿ. ಶೆಲ್ಲಿನ ಮೇಲೆ ನಡೆಸಿ, ಅಡಾಪ್ಟರ್ ಬೇಡ. ಗದ್ದಲ ಎಲ್ಲಿಂದ ಬರುತ್ತಿದೆ ಗೊತ್ತಾಗದಿದ್ದರೆ ಮನೆಯ ಮೇನ್ ಸ್ವಿಚ್ ಬಂದ್ ಮಾಡಿ ನೋಡಿ. ಸದ್ದು ನಿಂತರೆ ಕಳ್ಳ ನಿಮ್ಮ ಮನೆಯಲ್ಲೇ ಇದ್ದಾನೆ.

ಒಂದು ಗದ್ದಲಕ್ಕೆ ಮಾತ್ರ ಸಿಟ್ಟು ಮಾಡಬೇಡಿ. ಬೇಸಿಗೆಯ ಮಧ್ಯಾಹ್ನ ಕಾಮೆಂಟ್ರಿಯ ನಡುವೆ ಬಿಟ್ಟು ಬಿಟ್ಟು ಚಟ್ ಚಟ್ ಅಂದರೆ ಎಲ್ಲೋ ದೂರದಲ್ಲಿ ಮಿಂಚುತ್ತಿದೆ ಎಂದರ್ಥ. ಗುಡುಗು ಕಿವಿಗೆ ಬೀಳುವ ಎಷ್ಟೋ ಮೊದಲು ಅದು ರೇಡಿಯೋಕ್ಕೆ ಬೀಳುತ್ತದೆ. ಬೇದಾಣೆ ಶೆಡ್ಡಿನಲ್ಲಿ ದ್ರಾಕ್ಷಿ ಒಣಹಾಕಿದವರಿಗೆ ಇದರ ಬೆಲೆ ಗೊತ್ತು. ಸ್ಕೋರ್ ಬಿಟ್ಟು ಮೊದಲು ತಾಡಪತ್ರಿ ಎಳೆದುಕೊಳ್ಳುತ್ತಾರೆ.

5. ನೆಲದ ಮೇಲೆ ಮೈದಾನ ಬರೆಯಿರಿ.

ಎಲ್ಲಕ್ಕಿಂತ ಮುಖ್ಯ ಪಾಠ ಇದೇ. ಕವರ್ ಎಲ್ಲಿ, ಪಾಯಿಂಟ್ ಎಲ್ಲಿ, ಥರ್ಡ್ ಮ್ಯಾನ್ ಎಲ್ಲಿ ಅಂತ ಗೊತ್ತಿಲ್ಲದವನಿಗೆ ಕಾಮೆಂಟ್ರಿ ಬರೀ ಗಲಾಟೆ. ನಾನು ಹುಡುಗರಿಗೆ ಕಲಿಸುವುದು ಹೀಗೆ: ಮಣ್ಣಿನಲ್ಲಿ ಒಂದು ದುಂಡನೆಯ ಗೆರೆ, ನಡುವೆ ಪಿಚ್ಚು. ಬ್ಯಾಟು ಹಿಡಿದವನ ಜಾಗದಲ್ಲಿ ನೀನೇ ನಿಲ್ಲು, ಬಲಗೈಯವನಂತೆ. ನಿನ್ನ ಎದೆ ನೋಡುವ ಬದಿ ಆಫ್, ಬೆನ್ನಿನ ಬದಿ ಲೆಗ್. ಈಗ ಒಂಬತ್ತು ಹರಳು ತಗೊಂಡು, ರೇಡಿಯೋ ಹೇಳಿದ ಹಾಗೆ ಇಡು. ಎಡಗೈ ಬ್ಯಾಟ್ಸ್‌ಮನ್ ಬಂದ ಕೂಡಲೆ ಎಲ್ಲ ಹರಳು ಆಚೀಚೆ. ಗಂಗೂಲಿ ಆಡುವಾಗ ಒಂದೊಂದು ರನ್ನಿಗೂ ಹರಳು ಸರಿಸಿ ಸರಿಸಿ ಹುಡುಗರ ಕೈ ಸೋತುಹೋಗುತ್ತಿತ್ತು.

ಒಂದು ದಿನ ಹೀಗೆ ಕೂತವನಿಗೆ ಆಮೇಲೆ ಹರಳು ಬೇಕಾಗುವುದಿಲ್ಲ. ಬೌಲರ್ ಯಾರು, ಫೀಲ್ಡರ್ ಎಲ್ಲಿ ನಿಂತಿದ್ದಾನೆ ಎಂಬಷ್ಟರಿಂದಲೇ ಮುಂದಿನ ಚೆಂಡು ಏನಿರಬಹುದು ಎಂದು ಹೇಳತೊಡಗುತ್ತಾನೆ. ಟಿವಿ ನೋಡುವವರಲ್ಲಿ ಈ ಗುಣ ನಾನು ಕಡಿಮೆ ಕಂಡಿದ್ದೇನೆ. ಅವರಿಗೆ ಕ್ಯಾಮೆರಾ ತೋರಿಸಿದ ತುಂಡು ಮಾತ್ರ ಗೊತ್ತು.

6. ಎರಡು ಭಾಷೆಯಲ್ಲಿ ಅಂಕಿ ಕೇಳಿ, ಮೂರನೆಯದರಲ್ಲಿ ನೀವೇ ಬರೆದಿಟ್ಟುಕೊಳ್ಳಿ.

ಆಕಾಶವಾಣಿಯಲ್ಲಿ ಹಿಂದಿ ಮತ್ತು ಇಂಗ್ಲಿಷ್ ಸರದಿಯ ಮೇಲೆ ಬರುತ್ತವೆ. ಜಸದೇವ್ ಸಿಂಗ್, ಸುಶೀಲ್ ದೋಶಿ, ರವಿ ಚತುರ್ವೇದಿ ಅವರ ಹಿಂದಿ ನಮ್ಮ ಹಳ್ಳಿಯ ಕಟ್ಟೆಗೆ ತಾನಾಗಿಯೇ ಅರ್ಥವಾಗುತ್ತಿತ್ತು. ಮರಾಠಿಯಲ್ಲಿ ಬಾಳ ಪಂಡಿತರ ಕಾಮೆಂಟ್ರಿ ಇದ್ದರಂತೂ ಶಾಲೆಯ ಗುರುಗಳೂ ಬಾಗಿಲಿಗೆ ಬಂದು ನಿಲ್ಲುತ್ತಿದ್ದರು. ತೊಡಕು ಬರುವುದು ಅಂಕಿಯಲ್ಲಿ. ಹಿಂದಿಯ 59, 69, 79, 89 ಕನ್ನಡದ ಕಿವಿಗೆ ಬಹಳ ಮೋಸ ಮಾಡುತ್ತವೆ. ಅದಕ್ಕೇ ಪ್ರತಿ ಓವರ್ ಕೊನೆಗೆ ಸ್ಕೋರನ್ನು ಗೋಡೆಗೋ ಹಾಳೆಗೋ ಬರೆದಿಡಿ. ವಾರ್ತೆಯ ಸಮಯಕ್ಕೆ ಕಾಮೆಂಟ್ರಿ ಕಡಿದುಹೋಗಿ ಹತ್ತು ನಿಮಿಷ ಬಿಟ್ಟು ಬಂದಾಗ ಎಲ್ಲಿದ್ದೆವು ಅನ್ನುವುದು ಆ ಗೋಡೆಗೇ ಗೊತ್ತಿರುತ್ತದೆ.

ಮಾತು ತಿಳಿಯದಿದ್ದರೂ ಜನರ ಸದ್ದು ತಿಳಿಯುತ್ತದೆ. ಭಾರತದಲ್ಲಿ ಆಟವಿದ್ದು, ದೊಡ್ಡ ಕೂಗು ಎದ್ದು ತಟ್ಟನೆ ನಿಂತುಹೋದರೆ ಕ್ಯಾಚ್ ಕೈತಪ್ಪಿದೆ. ಕೂಗು ಏಳದೆಯೇ ಮೈದಾನ ಸ್ತಬ್ಧವಾದರೆ ನಮ್ಮವನೇ ಔಟು.

7. ಸೆಟ್ಟು ಇದ್ದವನಿಗೆ ಸ್ಕೋರ್ ಹೇಳುವ ಋಣ.

ದಾರಿಯಲ್ಲಿ ಹೋಗುವವರು ‘ಎಷ್ಟಾತ್ರಿ?’ ಅಂದರೆ ಉತ್ತರ ಕೊಡಲೇಬೇಕು. ಅದೂ ಸರಿಯಾದ ಕ್ರಮದಲ್ಲಿ: ಮೊದಲು ವಿಕೆಟ್, ಆಮೇಲೆ ರನ್, ಆಮೇಲೆ ಯಾರು ಆಡುತ್ತಿದ್ದಾರೆ. ಡಾಳಿಂಬ ತೋಟದಲ್ಲಿ ಕಾವಲು ಕೂತವನೊಬ್ಬ ಕೂಗಿದರೆ ಪಕ್ಕದ ತೋಟದವನು ಅದನ್ನು ಮುಂದಕ್ಕೆ ಕೂಗುತ್ತಿದ್ದ, ಅಲ್ಲಿಂದ ಕುರಿ ಕಾಯುವವನು ಇನ್ನೂ ಮುಂದಕ್ಕೆ. ಮೂರು ಬಾಯಿ ದಾಟುವಷ್ಟರಲ್ಲಿ ವಿಕೆಟ್ ಒಂದೆರಡು ಹೆಚ್ಚಾಗುತ್ತಿದ್ದವು, ಅದು ಬೇರೆ ಮಾತು. 1971ರ ಆಗಸ್ಟ್ 24, ಓವಲ್ಲಿನಲ್ಲಿ ಭಾರತ ಗೆದ್ದ ದಿನ ಗಣೇಶ ಚೌತಿ. ಹಿಂದಿನ ದಿನ ಚಂದ್ರಶೇಖರ್ 38 ರನ್ನಿಗೆ ಆರು ವಿಕೆಟ್ ಕಿತ್ತು ಇಂಗ್ಲೆಂಡನ್ನು 101ಕ್ಕೆ ಮುಗಿಸಿದ್ದರು. ಗಣಪತಿ ಮುಂದೆ ಒಡೆಯಬೇಕಾದ ತೆಂಗಿನಕಾಯಿಯನ್ನು ರೇಡಿಯೋದ ಮುಂದೆ ಒಡೆದ ಕಾಕಾ ಒಬ್ಬರು ನಮ್ಮೂರಿನಲ್ಲಿದ್ದರು.

8. ನಿಮ್ಮ ತಂಡ ಯಾವುದು ಎಂದು ಯಾರೂ ಹೇಳಿಕೊಡುವುದು ಬೇಡ.

1958–59ರಿಂದ ಸತತ 15 ವರ್ಷ ರಣಜಿ ಟ್ರೋಫಿ ಬಾಂಬೆಯದ್ದು. 1974ರಲ್ಲಿ ಬೆಂಗಳೂರಿನ ಸೆಮಿಫೈನಲ್ಲಿನಲ್ಲಿ ಪ್ರಸನ್ನ ನಾಯಕತ್ವದ ಕರ್ನಾಟಕ ಮೊದಲ ಇನಿಂಗ್ಸಿನ ಮುನ್ನಡೆಯಿಂದ ಬಾಂಬೆಯನ್ನು ಹೊರಹಾಕಿತು. ವಿಶ್ವನಾಥ್, ಬ್ರಿಜೇಶ್ ಪಟೇಲ್ ಇಬ್ಬರದೂ ಶತಕ. ಜೈಪುರದ ಫೈನಲ್ಲಿನಲ್ಲಿ ರಾಜಸ್ಥಾನವನ್ನು ಸೋಲಿಸಿ ಮೊದಲ ಸಲ ಕಪ್ಪು ತಂದಿತು. ಜತ್ತ ಪೇಟೆಯಲ್ಲಿ ಅವತ್ತು ಒಂದೇ ಹೋಟೆಲಿನಲ್ಲಿ ಒಂದು ಟೇಬಲ್ಲಿಗೆ ಪೇಢೆ ಬಂತು, ಪಕ್ಕದ ಟೇಬಲ್ಲಿನವರು ಚಹಾ ಬಿಟ್ಟು ಎದ್ದು ಹೋದರು. ಮರುದಿನ ಅದೇ ಹೋಟೆಲು, ಅದೇ ಮಂದಿ.

ವಿಜಯ್ ಹಜಾರೆ ಹುಟ್ಟಿದ್ದು ಸಾಂಗಲಿಯಲ್ಲಿ, ದೊಡ್ಡ ಆಟ ಆಡಿದ್ದು ಬರೋಡಾಕ್ಕೆ. ಸಾಂಗಲಿಯಲ್ಲೇ ಬೆಳೆದ ಸ್ಮೃತಿ ಮಂಧಾನ 2024ರಲ್ಲಿ ಬೆಂಗಳೂರು ತಂಡದ ನಾಯಕಿಯಾಗಿ ಮಹಿಳಾ ಪ್ರೀಮಿಯರ್ ಲೀಗ್ ಗೆದ್ದರು. ನಮ್ಮ ಜಿಲ್ಲೆಯ ಹುಡುಗಿ, ನಮ್ಮ ಭಾಷೆಯ ಊರು. ಜತ್ತದವರು ಇದಕ್ಕಿಂತ ಹೆಚ್ಚಿಗೆ ಏನು ಕೇಳಲು ಸಾಧ್ಯ!

9. ಹೊಸ ಸೆಟ್ಟು ಕೊಳ್ಳುವ ಮೊದಲು ಊರಲ್ಲಿ ಯಾವ ಕೇಂದ್ರ ಹತ್ತುತ್ತದೆ ಎಂದು ಒಮ್ಮೆ ಕೇಳಿ ನೋಡಿ.

2019ರ ಸೆಪ್ಟೆಂಬರಿನಲ್ಲಿ ಕ್ರಿಕೆಟ್ ಮಂಡಳಿಯ ಜೊತೆ ಒಪ್ಪಂದವಾಗಿ ಆಕಾಶವಾಣಿಯಲ್ಲಿ ಕಾಮೆಂಟ್ರಿ ಮತ್ತೆ ಬಂತು. ಆದರೆ ಎಲ್ಲ ಪಂದ್ಯ ಎಲ್ಲ ಕೇಂದ್ರದಲ್ಲಿ ಬರುವುದಿಲ್ಲ. ಹಿಂದಿನ ದಿನದ ಪ್ರಕಟಣೆಗೆ ಕಿವಿಗೊಡಿ. ಮೀಡಿಯಂ ವೇವಿನ ಕೆಲವು ಕೇಂದ್ರಗಳು ಡಿಆರ್‌ಎಂ ಎಂಬ ಡಿಜಿಟಲ್ ಪದ್ಧತಿಯಲ್ಲೂ ಪ್ರಸಾರ ಮಾಡುತ್ತವೆ. ಹಳೆಯ ಸೆಟ್ಟಿನಲ್ಲಿ ಅದು ಒಂದೇ ಸಮನೆ ಭುಸ್ಸೆನ್ನುತ್ತದೆ. ಅದನ್ನು ಕೇಳಿ ಸೆಟ್ಟು ಕೆಟ್ಟಿದೆ ಅಂತ ನನ್ನ ಅಂಗಡಿಗೆ ತರಬೇಡಿ. ತಾಲೂಕಿನ ಪೂರ್ವದ ಹಳ್ಳಿಗಳವರು ವಿಜಯಪುರದ 101.8 ಎಫ್‌ಎಮ್ಮನ್ನೂ ಹಚ್ಚಿ ನೋಡಬಹುದು. ಎಫ್‌ಎಮ್ಮಿಗೆ ಗುಡ್ಡ ಅಡ್ಡ ಬರಬಾರದು ಅಷ್ಟೆ, ಮತ್ತು ಇಲ್ಲಿ ಆ ಏರಿಯಲ್ ಕಡ್ಡಿ ನಿಜವಾಗಿ ಕೆಲಸಕ್ಕೆ ಬರುತ್ತದೆ.

10. ಫೋನಿನಲ್ಲೂ ಕೇಳಿ, ತಪ್ಪೇನಿಲ್ಲ.

ನ್ಯೂಸ್ಆನ್ಏರ್ ಆ್ಯಪಿನಲ್ಲಿ ಆಕಾಶವಾಣಿಯ ಕೇಂದ್ರಗಳು ಸಿಗುತ್ತವೆ, ದನಿ ಸ್ವಚ್ಛ. ಆದರೆ ಇಂಟರ್‌ನೆಟ್ಟಿನ ದನಿ ತಡವಾಗಿ ಬರುತ್ತದೆ. ಪಕ್ಕದ ಹೊಲದ ರೇಡಿಯೋ ಔಟ್ ಅಂದ ಎಷ್ಟೋ ಹೊತ್ತಿನ ಮೇಲೆ ನಿಮ್ಮ ಫೋನಿನಲ್ಲಿ ಅದೇ ಬೌಲರ್ ಇನ್ನೂ ಓಡಿ ಬರುತ್ತಿರುತ್ತಾನೆ. ಹೊಲದಲ್ಲಿ ನೆಟ್‌ವರ್ಕ್ ಹೋಯಿತೋ, ಆಟವೇ ಹೋಯಿತು. ಎರಡು ಶೆಲ್ಲಿನ ಸೆಟ್ಟಿಗೆ ಈ ತಾಪತ್ರಯವಿಲ್ಲ.

ಆದ್ದರಿಂದ ಅಜ್ಜನ ಸೆಟ್ಟನ್ನು ಗುಜರಿಯವನಿಗೆ ಕೊಡುವ ಮೊದಲು ಹಿಂದಿನ ಮುಚ್ಚಳ ತೆಗೆದು, ಶೆಲ್ಲು ಸೋರಿ ಹಸಿರುಗಟ್ಟಿದ ಸ್ಪ್ರಿಂಗನ್ನು ನಿಂಬೆರಸದಲ್ಲಿ ತಿಕ್ಕಿ ಒಣಗಿಸಿ. ಹೊಸ ಶೆಲ್ಲು ಹಾಕಿ, ಮುಖವನ್ನು ದಕ್ಷಿಣಕ್ಕೆ ಮಾಡಿ. ಮುಂದಿನ ಟೆಸ್ಟಿಗೆ 9:30ಕ್ಕಲ್ಲ, 9:20ಕ್ಕೇ ಹಚ್ಚಿ. ಟಾಸ್ ಯಾರು ಗೆದ್ದರು, ಪಿಚ್ಚು ಹೇಗಿದೆ ಅನ್ನುವುದನ್ನೆಲ್ಲ ಆ ಹತ್ತು ನಿಮಿಷದಲ್ಲೇ ಹೇಳುತ್ತಾರೆ.