ಗ್ರಾಮಕೇಂದ್ರಿತ ಆರ್ಥಿಕ ಚಿಂತನೆ: ಕುಮಾರಪ್ಪ, ಅಂಬೇಡ್ಕರ್ ಮತ್ತು ಭೂಮಿಯ ಪ್ರಶ್ನೆ

1

ಸ್ವಾತಂತ್ರ್ಯ ಚಳವಳಿಯ ಕಾಲದಲ್ಲಿ ರೂಪುಗೊಂಡ ಗ್ರಾಮಕೇಂದ್ರಿತ ಆರ್ಥಿಕ ಚಿಂತನೆಯನ್ನು ಕುರಿತ ಚರ್ಚೆಗಳು ಸಾಮಾನ್ಯವಾಗಿ ಎರಡು ತುದಿಗಳಲ್ಲಿ ನಿಲ್ಲುತ್ತವೆ. ಅದು ಆಧುನಿಕತೆಗೆ ಬೆನ್ನು ಹಾಕಿದ ಗತಕಾಲದ ಹಂಬಲ ಎಂಬುದು ಒಂದು. ಪಶ್ಚಿಮದ ಅಭಿವೃದ್ಧಿ ಮಾದರಿಗೆ ಅದೇ ಪರಿಪೂರ್ಣ ಪರ್ಯಾಯ ಎಂಬುದು ಇನ್ನೊಂದು. ಈ ಎರಡು ನಿಲುವುಗಳೂ ‘ಗ್ರಾಮ’ ಎಂಬುದನ್ನು ಮೊದಲೇ ನಿಶ್ಚಿತವಾದ ಒಂದು ಘಟಕವೆಂದು ಭಾವಿಸುತ್ತವೆ. ಆದರೆ ಚಿಂತಕರ ಬರಹಗಳಲ್ಲಿ ಎರಡು ಗ್ರಾಮಗಳಿವೆ. ಒಂದು ಪರಂಪರೆಯಿಂದ ಬಂದ ಗ್ರಾಮ, ಇನ್ನೊಂದು ಕಟ್ಟಬೇಕಾದ ಗ್ರಾಮ. ಇವೆರಡರ ನಡುವಣ ಅಂತರವನ್ನು ಗುರುತಿಸದೆ ಈ ಚಿಂತನೆಯ ಸತ್ವವನ್ನಾಗಲಿ ಮಿತಿಯನ್ನಾಗಲಿ ಅರಿಯುವುದು ಸಾಧ್ಯವಿಲ್ಲ.

ಪರಂಪರೆಯ ಗ್ರಾಮದ ಚಿತ್ರಣಕ್ಕೂ ಒಂದು ಚರಿತ್ರೆಯಿದೆ. ಭಾರತದ ಹಳ್ಳಿಗಳು ಪುಟ್ಟ ಗಣರಾಜ್ಯಗಳು, ರಾಜವಂಶಗಳು ಅಳಿದರೂ ಅವು ಉಳಿಯುತ್ತವೆ ಎಂಬ ಕಲ್ಪನೆಗೆ ವ್ಯಾಪಕ ಪ್ರಚಾರ ದೊರೆತದ್ದು ಚಾರ್ಲ್ಸ್ ಮೆಟ್‌ಕಾಫ್ 1830ರಲ್ಲಿ ಬರೆದ ಆಡಳಿತ ಟಿಪ್ಪಣಿಯಿಂದ. ಕಂದಾಯ ವ್ಯವಸ್ಥೆಯ ಚರ್ಚೆಯಲ್ಲಿ ಹುಟ್ಟಿದ ಈ ಚಿತ್ರವನ್ನು ರಾಷ್ಟ್ರೀಯವಾದಿಗಳು ಸಾಮ್ರಾಜ್ಯಶಾಹಿಯ ವಿರುದ್ಧವೇ ಬಳಸಿದರು. ಹೀಗೆ ಗ್ರಾಮಪ್ರಶಂಸೆಯ ಭಾಷೆಯಲ್ಲಿ ವಸಾಹತು ದಾಖಲೆಯ ನೆರಳೂ ಸೇರಿಕೊಂಡಿತು.

2

ಗಾಂಧೀಜಿಯವರ ಚಿಂತನೆಯಲ್ಲಿ ಗ್ರಾಮದ ವಿಚಾರ ಒಮ್ಮೆಗೇ ರೂಪುಗೊಂಡದ್ದಲ್ಲ. 1909ರಲ್ಲಿ ‘ಹಿಂದ್ ಸ್ವರಾಜ್’ ಬರೆಯುವಾಗ ತಾವು ಚರಕವನ್ನಾಗಲಿ ಕೈಮಗ್ಗವನ್ನಾಗಲಿ ಕಂಡ ನೆನಪಿಲ್ಲವೆಂದು ಅವರೇ ಆತ್ಮಕಥೆಯಲ್ಲಿ ಒಪ್ಪಿಕೊಂಡಿದ್ದಾರೆ. ವಿಚಾರ ಮೊದಲು ಬಂದಿತು. ಅನುಭವ ಅದನ್ನು ಹಂತಹಂತವಾಗಿ ತಿದ್ದಿತು. 1925ರಲ್ಲಿ ಅಖಿಲ ಭಾರತ ಚರಕಾ ಸಂಘವೂ 1934ರಲ್ಲಿ ವಾರ್ಧಾದಲ್ಲಿ ಅಖಿಲ ಭಾರತ ಗ್ರಾಮೋದ್ಯೋಗ ಸಂಘವೂ ಸ್ಥಾಪನೆಯಾದವು. ಎಣ್ಣೆಯ ಗಾಣ, ಕೈಕುಟ್ಟಣೆಯ ಅಕ್ಕಿ, ಬೆಲ್ಲ, ಕೈಕಾಗದ, ಜೇನುಸಾಕಣೆ ಮುಂತಾದವು ಚಳವಳಿಯ ಕಾರ್ಯಕ್ರಮದಲ್ಲಿ ಸೇರಿದವು.

ಈ ಬೆಳವಣಿಗೆಯಲ್ಲಿ 1935ರ ಕೂಲಿಯ ಪ್ರಶ್ನೆ ವಿಶೇಷವಾಗಿ ಗಮನಾರ್ಹ. ಅಲ್ಲಿಯವರೆಗೆ ಖಾದಿಯನ್ನು ಆದಷ್ಟು ಅಗ್ಗವಾಗಿ ಮಾರುವುದು ಸಂಘದ ಗುರಿಯಾಗಿತ್ತು. ಆ ಅಗ್ಗದ ಬೆಲೆಯನ್ನು ನಿಜವಾಗಿ ತೆರುತ್ತಿದ್ದವಳು ನೂಲುವ ಹೆಣ್ಣು. ಬಟ್ಟೆಯ ದರ ಏರಿದರೂ ಅಡ್ಡಿಯಿಲ್ಲ, ನೂಲುವವರಿಗೆ ಜೀವನ ನಿರ್ವಹಣೆಗೆ ತಕ್ಕ ಕೂಲಿ ಸಲ್ಲಬೇಕು ಎಂದು ಗಾಂಧೀಜಿ ಪಟ್ಟುಹಿಡಿದರು. ವಸ್ತುವಿನ ಬೆಲೆಯನ್ನು ಮಾರುಕಟ್ಟೆಗಿಂತ ಮೊದಲು ದುಡಿಮೆಗಾರರ ಬದುಕು ನಿರ್ಧರಿಸಬೇಕೆಂಬ ತತ್ತ್ವ ಇಲ್ಲಿ ಆಚರಣೆಗೆ ಬಂದಿತು.

3

ಈ ಚಿಂತನೆಗೆ ಅರ್ಥಶಾಸ್ತ್ರದ ಕಟ್ಟುನಿಟ್ಟನ್ನು ಒದಗಿಸಿದವರು ಜೆ.ಸಿ. ಕುಮಾರಪ್ಪ (1892–1960). ತಂಜಾವೂರಿನಲ್ಲಿ ಜನಿಸಿ, ಲೆಕ್ಕಪರಿಶೋಧಕರಾಗಿ ತರಬೇತಿ ಪಡೆದ ಅವರು ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಸಾರ್ವಜನಿಕ ಹಣಕಾಸನ್ನೂ ಭಾರತದ ಬಡತನವನ್ನೂ ಕುರಿತು ಅಧ್ಯಯನ ನಡೆಸಿದರು. 1929ರಲ್ಲಿ ಗಾಂಧೀಜಿಯವರ ಸಂಪರ್ಕಕ್ಕೆ ಬಂದ ಬಳಿಕ ಗುಜರಾತಿನ ಖೇಡಾ ಜಿಲ್ಲೆಯ ಮಾತರ್ ತಾಲ್ಲೂಕಿನ ಆರ್ಥಿಕ ಸಮೀಕ್ಷೆ ಕೈಗೊಂಡರು. ಗ್ರಾಮವನ್ನು ಕುರಿತ ಅವರ ಮಾತುಗಳು ರೈತ ಕುಟುಂಬಗಳ ಆದಾಯ, ವೆಚ್ಚ, ಸಾಲ ಮತ್ತು ಕಂದಾಯದ ಲೆಕ್ಕದಿಂದ ಹೊರಟವು ಎಂಬುದು ಮುಖ್ಯ.

1945ರಲ್ಲಿ ಪ್ರಕಟವಾದ ಅವರ ‘ಎಕಾನಮಿ ಆಫ್ ಪರ್ಮನೆನ್ಸ್’ ಸೆರೆಮನೆಯಲ್ಲಿ ರಚಿತವಾದ ಕೃತಿ. ನಿಸರ್ಗದಲ್ಲಿ ಕಾಣುವ ವ್ಯವಹಾರಗಳ ಆಧಾರದ ಮೇಲೆ ಕುಮಾರಪ್ಪನವರು ಅರ್ಥವ್ಯವಸ್ಥೆಗಳನ್ನು ಐದಾಗಿ ವಿಂಗಡಿಸುತ್ತಾರೆ: ಆಶ್ರಯ ಕೊಟ್ಟುದನ್ನೇ ನಾಶಮಾಡುವ ಪರಾವಲಂಬನೆ, ಕೊಡದೆ ಕಸಿಯುವ ಸುಲಿಗೆ, ತನ್ನ ಶ್ರಮದಿಂದ ಬದುಕುವ ಉದ್ಯಮ, ಜೇನ್ನೊಣಗಳಂತೆ ಕೂಡಿ ದುಡಿಯುವ ಸಮೂಹ ವ್ಯವಸ್ಥೆ ಮತ್ತು ಮರಿಗಳಿಗೆ ಗುಟುಕು ಕೊಡುವ ತಾಯಿಹಕ್ಕಿಯಂಥ ಸೇವೆ. ಬಳಸಿದಂತೆ ತೀರಿಹೋಗುವ ಕಲ್ಲಿದ್ದಲು, ಪೆಟ್ರೋಲಿಯಂಗಳನ್ನು ನೆಚ್ಚಿದ ವ್ಯವಸ್ಥೆ ಪೈಪೋಟಿಗೂ ಯುದ್ಧಕ್ಕೂ ದಾರಿಯಾಗುತ್ತದೆ, ಮತ್ತೆ ಮತ್ತೆ ತುಂಬಿಬರುವ ಸಂಪನ್ಮೂಲವನ್ನು ಆಶ್ರಯಿಸಿದ್ದು ಮಾತ್ರ ಬಾಳುತ್ತದೆ ಎಂಬುದು ಅವರ ವಾದ. ಪರಿಸರ ಚಳವಳಿಗಳಿಗೆ ಎಷ್ಟೋ ಮುಂಚೆಯೇ ಈ ಮಾತು ಬಂದಿದೆ.

ಕುಮಾರಪ್ಪನವರ ಗ್ರಾಮ ಬಿಡಿಯಾಗಿ ನಿಲ್ಲುವ ದ್ವೀಪವೂ ಅಲ್ಲ. ಒಂದು ಲಕ್ಷ ಜನಸಂಖ್ಯೆಯ ಪ್ರದೇಶವನ್ನು ಘಟಕವಾಗಿಟ್ಟುಕೊಂಡು, ಅಲ್ಲಿಯ ಜನರಿಗೆ ಬೇಕಾದ ಸಮತೋಲ ಆಹಾರಕ್ಕೆ ಎಷ್ಟು ನೆಲದಲ್ಲಿ ಯಾವ ಬೆಳೆ ಬೆಳೆಯಬೇಕೆಂದು ಅವರು ಲೆಕ್ಕ ಹಾಕಿದರು. ಇದು ಯೋಜನೆಯ ನಿರಾಕರಣೆಯಲ್ಲ. ಕೆಳಗಿನಿಂದ ಮೇಲಕ್ಕೆ ಸಾಗುವ ಇನ್ನೊಂದು ಬಗೆಯ ಯೋಜನೆ.

4

ಆದರೆ ಈ ಲೆಕ್ಕದಲ್ಲಿ ನೆಲ ಯಾರದು? ಈ ಪ್ರಶ್ನೆಯನ್ನು ತೀಕ್ಷ್ಣವಾಗಿ ಎತ್ತಿದವರು ಬಿ.ಆರ್. ಅಂಬೇಡ್ಕರ್. 1948ರ ನವೆಂಬರ್ 4ರಂದು ಸಂವಿಧಾನ ಸಭೆಯಲ್ಲಿ ಅವರು ಮೆಟ್‌ಕಾಫನ ಚಿತ್ರವನ್ನು ಪ್ರಸ್ತಾಪಿಸಿಯೇ ಗ್ರಾಮವೆಂಬುದು ಸಂಕುಚಿತತೆ, ಅಜ್ಞಾನ ಮತ್ತು ಕೋಮುಭಾವನೆಗಳ ನೆಲೆಯೆಂದು ಟೀಕಿಸಿದರು. ಇದನ್ನು ಕೇವಲ ಸಾಮಾಜಿಕ ಆಕ್ರೋಶವೆಂದು ಓದುವುದು ತಪ್ಪು. 1918ರಷ್ಟು ಹಿಂದೆಯೇ ಸಣ್ಣ ಹಿಡುವಳಿಗಳನ್ನು ಕುರಿತ ಪ್ರಬಂಧದಲ್ಲಿ, ಭೂಮಿಯ ಮೇಲಿನ ಹೆಚ್ಚುವರಿ ಜನರ ಭಾರವನ್ನು ಇಳಿಸಲು ಕೈಗಾರಿಕೀಕರಣ ಅಗತ್ಯವೆಂದು ಅವರು ವಾದಿಸಿದ್ದರು. 1947ರ ‘ಸ್ಟೇಟ್ಸ್ ಅಂಡ್ ಮೈನಾರಿಟೀಸ್’ನಲ್ಲಿ ಕೃಷಿಭೂಮಿ ರಾಜ್ಯದ ಒಡೆತನಕ್ಕೆ ಬರಬೇಕು, ಜಾತಿಭೇದವಿಲ್ಲದೆ ಗ್ರಾಮಸ್ಥರಿಗೆ ಸಾಮೂಹಿಕ ಬೇಸಾಯಕ್ಕೆ ದೊರೆಯಬೇಕು ಎಂದು ಸೂಚಿಸಿದರು. ಅಂದರೆ ಅಂಬೇಡ್ಕರರೂ ಕಟ್ಟಬೇಕಾದ ಗ್ರಾಮವೊಂದನ್ನು ಮುಂದಿಟ್ಟಿದ್ದರು. ಅವರ ವಿರೋಧವಿದ್ದುದು ಪರಂಪರೆಯ ಗ್ರಾಮಕ್ಕೆ.

ಶಿವರಾಮ ಕಾರಂತರ ‘ಚೋಮನ ದುಡಿ’ (1933) ಇದೇ ಬಿಕ್ಕಟ್ಟನ್ನು ಕಥನದ ನೆಲೆಯಲ್ಲಿ ಎದುರಿಸುತ್ತದೆ. ಚೋಮನಲ್ಲಿ ಎತ್ತುಗಳಿವೆ, ದುಡಿಯುವ ಕಸುವಿದೆ, ಉಳಲು ನೆಲವಿಲ್ಲ. ಅವನ ಆಸೆಗೆ ಅಡ್ಡಬರುವುದು ಯಂತ್ರವಲ್ಲ, ಹಳ್ಳಿಯದೇ ಕಟ್ಟಳೆ. ಇತ್ತ ಸಾಲ ತೀರಿಸಲು ಅವನ ಮಕ್ಕಳು ಕಾಫಿ ತೋಟಕ್ಕೆ ಹೋಗಬೇಕಾಗುತ್ತದೆ. ವಸಾಹತು ಮಾರುಕಟ್ಟೆಯೂ ಅವನಿಗೆ ಬಿಡುಗಡೆಯಾಗುವುದಿಲ್ಲ. ಪರಂಪರೆಯ ಗ್ರಾಮ ಮತ್ತು ತೋಟದ ಹಣ ಇವೆರಡರ ನಡುವೆ ಸಿಕ್ಕಿಕೊಂಡ ಚೋಮ, ಕುಮಾರಪ್ಪ ಹಾಗೂ ಅಂಬೇಡ್ಕರ್ ಇಬ್ಬರ ಚಿಂತನೆಗಳಿಗೂ ಏಕಕಾಲದಲ್ಲಿ ಒರೆಗಲ್ಲಾಗುತ್ತಾನೆ.

5

ಗ್ರಾಮಚಿಂತನೆ ಭೂಮಿಯ ಪ್ರಶ್ನೆಯನ್ನು ಕೊನೆಯವರೆಗೂ ಮುಟ್ಟಲಿಲ್ಲವೆಂದು ಹೇಳುವಂತಿಲ್ಲ. ಕುಮಾರಪ್ಪನವರ ಅಧ್ಯಕ್ಷತೆಯ ಕಾಂಗ್ರೆಸ್ ಕೃಷಿ ಸುಧಾರಣಾ ಸಮಿತಿ 1949ರ ವರದಿಯಲ್ಲಿ ಮಧ್ಯವರ್ತಿಗಳ ನಿರ್ಮೂಲನವನ್ನೂ ಉಳುವವನಿಗೆ ಭೂಮಿಯ ಹಕ್ಕನ್ನೂ ಶಿಫಾರಸು ಮಾಡಿತು. ಆದರೆ ಅಷ್ಟರಲ್ಲಿ ರಾಷ್ಟ್ರದ ದಾರಿ ಬೇರೆಯಾಗಿತ್ತು. 1945ರ ಅಕ್ಟೋಬರಿನ ಪತ್ರವ್ಯವಹಾರದಲ್ಲಿ ಗಾಂಧಿ ಮತ್ತು ನೆಹರೂ ಅವರ ಭಿನ್ನಾಭಿಪ್ರಾಯ ಸ್ಪಷ್ಟವಾಗಿತ್ತು. ಸಂವಿಧಾನದ 40ನೆಯ ವಿಧಿಯಲ್ಲಿ ಗ್ರಾಮ ಪಂಚಾಯತಿ, 43ನೆಯ ವಿಧಿಯಲ್ಲಿ ಗೃಹ ಕೈಗಾರಿಕೆ ಸ್ಥಾನ ಪಡೆದರೂ ಅವು ನ್ಯಾಯಾಲಯದ ಮೂಲಕ ಜಾರಿಗೊಳಿಸಲಾಗದ ನಿರ್ದೇಶಕ ತತ್ತ್ವಗಳಾಗಿಯೇ ಉಳಿದವು.

ಕರ್ನಾಟಕದಲ್ಲಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣೆ ಗೇಣಿದಾರರಿಗೆ ನೆಲ ನೀಡಿತು. ಗೇಣಿಯ ಹಕ್ಕೂ ಇಲ್ಲದ ಚೋಮನಂಥವರು ಬಹುಮಟ್ಟಿಗೆ ಅದರ ಹೊರಗೇ ಉಳಿದರು. 1993ರ ಏಪ್ರಿಲ್ 24ರಂದು ಜಾರಿಗೆ ಬಂದ 73ನೆಯ ತಿದ್ದುಪಡಿಯ 29 ವಿಷಯಗಳಲ್ಲಿ ಖಾದಿ-ಗ್ರಾಮೋದ್ಯೋಗವೂ ಭೂಸುಧಾರಣೆಯ ಅನುಷ್ಠಾನವೂ ಸೇರಿವೆ. ಅದೇ ತಿದ್ದುಪಡಿ ಪರಿಶಿಷ್ಟರಿಗೂ ಮಹಿಳೆಯರಿಗೂ ಪಂಚಾಯತಿಯಲ್ಲಿ ಸ್ಥಾನ ಮೀಸಲಿಟ್ಟಿತು. ಗಾಂಧಿಯವರ ಪಂಚಾಯತಿಯೂ ಅಂಬೇಡ್ಕರರ ಪ್ರಾತಿನಿಧ್ಯವೂ ಒಂದೇ ಶಾಸನದಲ್ಲಿ ಸೇರಿದವೆಂಬುದು ಅರ್ಥಪೂರ್ಣ.

ಒಟ್ಟಿನಲ್ಲಿ, ಯಾವುದನ್ನು ಹೇಗೆ ಉತ್ಪಾದಿಸಿದರೆ ಬದುಕು ಬಾಳುತ್ತದೆ ಎಂಬುದಕ್ಕೆ ಕುಮಾರಪ್ಪನವರ ಚಿಂತನೆ ಗಟ್ಟಿಯಾದ ಉತ್ತರ ನೀಡುತ್ತದೆ. ಆ ಉತ್ಪಾದನೆಯ ನೆಲ ಯಾರ ಕೈಯಲ್ಲಿರಬೇಕು ಎಂಬುದನ್ನು ಅಂಬೇಡ್ಕರರ ವಿಮರ್ಶೆ ಮರೆಯಗೊಡುವುದಿಲ್ಲ. ಇವರಿಬ್ಬರನ್ನು ಎದುರುಬದುರಾಗಿ ನಿಲ್ಲಿಸುವ ಓದಿಗಿಂತ, ಒಬ್ಬರ ಪ್ರಶ್ನೆಯನ್ನು ಇನ್ನೊಬ್ಬರ ಉತ್ತರದ ಮುಂದಿಟ್ಟು ನೋಡುವ ಓದು ಹೆಚ್ಚು ಫಲಕಾರಿ. ಗ್ರಾಮವನ್ನು ಕುರಿತ ಕನ್ನಡ ಸಾಹಿತ್ಯದ ಅಧ್ಯಯನಕ್ಕೂ ಈ ಮಾತು ಅನ್ವಯಿಸುತ್ತದೆ.