ವಕೀಲರು ಬರಲಿಲ್ಲ, ಅಪೀಲು ವಜಾ ಆಯಿತು



ಸಿಂಧನೂರು, ಲಿಂಗಸುಗೂರು ಕೋರ್ಟಿನ ಅಂಗಳದಲ್ಲಿ ಬುತ್ತಿ ಗಂಟು ಹಿಡಿದು ಕುಳಿತ ಹೆಣ್ಣುಮಕ್ಕಳನ್ನು ನಾವೆಲ್ಲ ನೋಡಿದ್ದೇವೆ. ಮಸ್ಕಿ ಕಡೆಯಿಂದಲೂ ಬರುತ್ತಾರೆ. ಕಾಲುವೆ ನೀರು ಬಂದಲ್ಲಿ ಹೊಲದ ಬೆಲೆ ಏರಿತು. ಪಾಲಿನ ಜಗಳವೂ ಏರಿತು.

ಒಬ್ಬಾಕೆ ತವರಿನ ಹೊಲದಲ್ಲಿ ಪಾಲು ಕೇಳಿ ದಾವೆ ಹಾಕಿದಳು ಅಂತ ಇಟ್ಟುಕೊಳ್ಳೋಣ. ಕೆಳಗಿನ ಕೋರ್ಟಿನಲ್ಲಿ ಸೋತಳು. ಮೇಲಿನ ಕೋರ್ಟಿಗೆ ಅಪೀಲು ಹಾಕಿದಳು. ಅಪೀಲು ಅಂದರೆ ಮೇಲ್ಮನವಿ. ಕೆಳಗಿನ ತೀರ್ಪು ಸರಿಯಿಲ್ಲ, ಮತ್ತೊಮ್ಮೆ ನೋಡಿರಿ ಎಂದು ಕೇಳುವುದು. ಆಕೆ ಫೀಸು ಕೊಟ್ಟಳು. ವಕಾಲತ್ತಿಗೆ ಸಹಿ ಮಾಡಿದಳು. "ನೀ ಬರೋದು ಬ್ಯಾಡವ್ವ, ನಾ ನೋಡ್ಕೋತೀನಿ" ಅಂದರು ವಕೀಲರು. ಆಕೆ ಭತ್ತದ ನಾಟಿಗೆ ಹೋದಳು.

ವಿಚಾರಣೆಯ ದಿನ ಕೇಸಿನ ನಂಬರು ಕೂಗಿದರು. ಆಕೆ ಇಲ್ಲ, ವಕೀಲರೂ ಇಲ್ಲ. ಅಪೀಲು ವಜಾ ಆಯಿತು.

ಹೀಗೆ ಮಾಡಲು ಕೋರ್ಟಿಗೆ ಅಧಿಕಾರ ಇದೆಯೇ? ಇದೆ. ಸಿವಿಲ್ ಪ್ರಕ್ರಿಯಾ ಸಂಹಿತೆ ಎಂಬ ಕಾನೂನಿನಲ್ಲಿ ಹಾಗೆ ಬರೆದಿದೆ. ಆದರೆ ಇಲ್ಲೊಂದು ಮಾತು ಗಮನಿಸಿರಿ. ಯಾರೂ ಹಾಜರಿಲ್ಲದಾಗ ಅಪೀಲು ವಜಾ ಮಾಡಬಹುದು, ಪಾಲು ಆಕೆಯದಲ್ಲ ಎಂದು ತೀರ್ಮಾನ ಕೊಡುವಂತಿಲ್ಲ. ಗೈರುಹಾಜರಿಗಾಗಿ ಮಾತ್ರ ವಜಾ. ಹಾಗಂತ ಸುಮ್ಮನೆ ಕೂತರೆ ಕೆಳಗಿನ ಕೋರ್ಟಿನ ತೀರ್ಪೇ ಉಳಿಯುತ್ತದೆ, ಹೊಲ ಹೋಗುತ್ತದೆ.

ಬಾಗಿಲು ಪೂರ್ತಿ ಮುಚ್ಚಿಲ್ಲ. ವಜಾ ಆದ ದಿನದಿಂದ 30 ದಿನದ ಒಳಗೆ ಅದೇ ಕೋರ್ಟಿಗೆ ಅರ್ಜಿ ಕೊಡಬೇಕು. ಅಪೀಲನ್ನು ಮತ್ತೆ ತೆಗೆದುಕೊಳ್ಳಿ ಎಂದು ಕೇಳಬೇಕು. ಬರದೆ ಇದ್ದುದಕ್ಕೆ ತಕ್ಕ ಕಾರಣ ತೋರಿಸಬೇಕು. ಕಾರಣ ಒಪ್ಪಿಗೆಯಾದರೆ ಕೇಸು ಮತ್ತೆ ನಡೆಯುತ್ತದೆ. ಎದುರಿನವರ ಖರ್ಚು ಕಟ್ಟಿರಿ ಎಂದೂ ಕೋರ್ಟು ಹೇಳಬಹುದು. 30 ದಿನ ದಾಟಿದರೆ ತಡ ಯಾಕಾಯಿತು ಎಂದು ಇನ್ನೊಂದು ಅರ್ಜಿ ಬೇಕು.

ವಕೀಲರ ತಪ್ಪಿಗೆ ಕಕ್ಷಿದಾರರಿಗೆ ಶಿಕ್ಷೆಯೇ? ಈ ಪ್ರಶ್ನೆ 1981ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂತು. ಅಲಹಾಬಾದ್ ಹೈಕೋರ್ಟಿನಲ್ಲಿ ಒಬ್ಬ ಹಳ್ಳಿಗನ ಅಪೀಲು ಹೀಗೇ ವಜಾ ಆಗಿತ್ತು. ವಕೀಲರನ್ನು ಹಿಡಿದು, ಫೀಸು ಕೊಟ್ಟು, ತನ್ನ ಕೈಲಾದುದನ್ನೆಲ್ಲ ಮಾಡಿದ ಬಡವನಿಗೆ ಅನ್ಯಾಯ ಆಗಬಾರದು ಎಂದು ಸುಪ್ರೀಂ ಕೋರ್ಟು ಆ ಕೇಸನ್ನು ಮತ್ತೆ ನಡೆಸಲು ಹೇಳಿತು. ಒಳ್ಳೆಯ ತೀರ್ಪು. ಆದರೆ ಅದೊಂದನ್ನೇ ನೆಚ್ಚಿ ಕೂರಬಾರದು. ವಕೀಲರ ಮೇಲೆ ತಪ್ಪು ಹೊರಿಸಿದರೆ ಸಾಲದು ಎಂದು 1993ರಲ್ಲಿ ಅದೇ ಕೋರ್ಟು ಇನ್ನೊಂದು ಕೇಸಿನಲ್ಲಿ ಹೇಳಿದೆ.

ಜೈಲುಶಿಕ್ಷೆಯಂಥ ಕ್ರಿಮಿನಲ್ ಅಪೀಲಿನ ನಿಯಮವೇ ಬೇರೆ. ವಕೀಲರು ಬರಲಿಲ್ಲ ಎಂದು ಅದನ್ನು ವಜಾ ಮಾಡುವಂತಿಲ್ಲ. ಕಾಗದ ಪತ್ರ ಓದಿ ತೀರ್ಪು ಕೊಡಬೇಕು. 1996ರಲ್ಲಿ ಸುಪ್ರೀಂ ಕೋರ್ಟು ಹೀಗೆ ಹೇಳಿತು.

ಕೇಸು ಹೈಕೋರ್ಟಿಗೆ ಹೋದರೆ ತಾರೀಖು ತಿಳಿಯುವುದು ಇನ್ನೂ ಕಷ್ಟ. 2008ಕ್ಕೆ ಮೊದಲು ರಾಯಚೂರು ಜಿಲ್ಲೆಯವರು ಬೆಂಗಳೂರಿಗೇ ಹೋಗಬೇಕಿತ್ತು. ಈಗ ಕಲಬುರಗಿಯಲ್ಲಿ ಪೀಠ ಇದೆ. ಆದರೂ ದಿನದ ಕೂಲಿ ಬಿಟ್ಟು ಹೋಗುವವರಿಗೆ ಅದೇನು ಹತ್ತಿರವೇ?

ಫೀಸು ಕೊಡಲು ಆಗದಿದ್ದರೆ ಹೆದರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಹೆಣ್ಣುಮಕ್ಕಳಿಗೆ ಸರಕಾರವೇ ವಕೀಲರನ್ನು ಕೊಡುತ್ತದೆ. ಆದಾಯ ಎಷ್ಟಿದ್ದರೂ ಸರಿ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಕೇಳಿರಿ. 15100ಕ್ಕೆ ಫೋನು ಮಾಡಿಯೂ ಕೇಳಬಹುದು.

ಈಗ ನಮಗೆ ಓದಲು ಬರೆಯಲು ಬರುತ್ತದಲ್ಲ? ವಕೀಲರನ್ನು ಕೇಳಿ ಇವನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳೋಣ. ಪ್ರತಿ ತಾರೀಖಿನ ನಂತರ ಮುಂದಿನ ತಾರೀಖು ಕೇಳಿ ತುಂಬೋಣ.

ಕೋರ್ಟಿನ ಹೆಸರು: ..........
ಕೇಸಿನ ನಂಬರು, ವರ್ಷ: ..........
ವಕೀಲರ ಹೆಸರು, ಫೋನು: ..........
ಮುಂದಿನ ತಾರೀಖು: ..........