ಸಾಲವೂ ಸಾಲಗಾರನ ದೇಹವೂ

ಓದತಕ್ಕ ವೇದಭಾಗಗಳು: 2 ಅರಸುಗಳು 4:1–7, ನೆಹೆಮೀಯ 5:1–13, ಅಪೊಸ್ತಲರ ಕೃತ್ಯಗಳು 22:24–29.



ಮಲ್ಲಂದೂರು, ಮೂಡಿಗೆರೆ, ಕಳಸ ಈ ಸೀಮೆಗಳಲ್ಲಿ ಕಾಫಿ ಹಣ್ಣಿನ ಕೊಯ್ಲಿಗೆ ಮುಂಚೆ ಮೇಸ್ತ್ರಿಯು ಮುಂಗಡ ಹಣ ಕೊಟ್ಟು ಆಳುಗಳನ್ನು ಗೊತ್ತುಮಾಡುವದು ಬಹುಕಾಲದ ವಾಡಿಕೆ. ಮದುವೆಗೋ ಕಾಯಿಲೆಗೋ ಹಣ ಬೇಕಾದ ಬಡವನು ಅದನ್ನು ತೆಗೆದುಕೊಳ್ಳುತ್ತಾನೆ. ಹಾಗೆ ತೆಗೆದುಕೊಂಡವನು ಒತ್ತೆಯಿಟ್ಟದ್ದು ಏನನ್ನು? ತನ್ನ ಮಾತನ್ನೋ, ತನ್ನ ದೇಹವನ್ನೋ? ಈ ಪಾಠದಲ್ಲಿ ನಾವು ಇದನ್ನೇ ವಿಚಾರಿಸುವೆವು.

1. ವೇದವು ಕಲಿಸುವದು

ಪ್ರವಾದಿಮಂಡಲಿಯವನೊಬ್ಬನ ಹೆಂಡತಿಯು ವಿಧವೆಯಾದಳು. ಸಾಲಕೊಟ್ಟವನು ಅವಳ ಇಬ್ಬರು ಗಂಡುಮಕ್ಕಳನ್ನು ದಾಸರನ್ನಾಗಿ ಒಯ್ಯಲು ಬಂದನು. ಎಲೀಷನು ಆ ಸಾಲವು ಸುಳ್ಳೆಂದು ಹೇಳಲಿಲ್ಲ. ಊರು ಬಿಟ್ಟು ಓಡಿಹೋಗೆಂದೂ ಹೇಳಲಿಲ್ಲ. ದೇವರು ಹೆಚ್ಚಿಸಿದ ಎಣ್ಣೆಯನ್ನು ಮಾರಿ ಸಾಲ ತೀರಿಸಿ, ಉಳಿದದ್ದರಿಂದ ಮಕ್ಕಳೊಡನೆ ಜೀವನ ಮಾಡೆಂದನು. ಸಾಲವೂ ತೀರಿತು, ಮಕ್ಕಳೂ ಮನೆಯಲ್ಲಿ ಉಳಿದರು. ಇವೆರಡೂ ದೇವರ ಚಿತ್ತವೇ.

ನೆಹೆಮೀಯನ ಕಾಲದಲ್ಲಿ ಬಡ ಯೆಹೂದ್ಯರು ಧಾನ್ಯಕ್ಕೂ ಅರಸನ ಕಪ್ಪಕ್ಕೂ ಹೊಲ, ದ್ರಾಕ್ಷೇತೋಟ, ಮನೆಗಳನ್ನು ಒತ್ತೆಯಿಟ್ಟರು. ಕಡೆಗೆ ಮಕ್ಕಳನ್ನೇ ದಾಸತ್ವಕ್ಕೆ ಒಪ್ಪಿಸಿದರು. ನೆಹೆಮೀಯನೂ ಅವನ ಕಡೆಯವರೂ ಸಾಲಕೊಟ್ಟವರೇ. ಆದರೂ ಅವನು ಮಹಾಸಭೆ ಕೂಡಿಸಿ, ಪ್ರಮುಖರನ್ನು ಗದರಿಸಿ, ತೆಗೆದುಕೊಂಡದ್ದನ್ನು ಹಿಂದಕ್ಕೆ ಕೊಡುವಂತೆ ಯಾಜಕರ ಮುಂದೆ ಪ್ರಮಾಣ ಮಾಡಿಸಿದನು. ಬಡವರು ಕೂಗಿಕೊಂಡದ್ದು ದಂಗೆಯೆಂದು ಅವನು ಎಣಿಸಲಿಲ್ಲ. ಅದು ನ್ಯಾಯವಾದ ಮೊರೆಯೆಂದು ಕೇಳಿದನು.

2. ಹಿಂದಿನ ಕಾನೂನು

ಬ್ರಿಟಿಷರ ಆಳಿಕೆಯಲ್ಲಿ 1843 ನೆಯ ಇಸವಿಯ 5 ನೆಯ ಶಾಸನವು ಮನುಷ್ಯನನ್ನು ದಾಸನೆಂದು ಹಿಡಿಯುವ ಹಕ್ಕನ್ನು ನ್ಯಾಯಸ್ಥಾನಗಳು ಮಾನ್ಯಮಾಡಬಾರದೆಂದು ವಿಧಿಸಿತು. ಆದರೆ ಹೋದ ದಾಸತ್ವವು ಮತ್ತೊಂದು ಬಾಗಿಲಿನಿಂದ ಒಳಬಂತು. 1859 ರ 13 ನೆಯ ಶಾಸನದ ಪ್ರಕಾರ ಮುಂಗಡ ಪಡೆದ ಕೆಲಸಗಾರನು ಕೆಲಸ ಬಿಟ್ಟರೆ, ಹಣ ಹಿಂದಕ್ಕೆ ಕೊಡು, ಇಲ್ಲವೆ ಕೆಲಸ ಪೂರೈಸು ಎಂದು ಮ್ಯಾಜಿಸ್ಟ್ರೇಟನು ಆಜ್ಞಾಪಿಸಬಹುದಾಗಿತ್ತು. ತಪ್ಪಿದವನಿಗೆ ಮೂರು ತಿಂಗಳವರೆಗೆ ಸೆರೆಮನೆ. ಮೊದಲು ದೊಡ್ಡ ಪಟ್ಟಣಗಳಿಗಾಗಿ ಹುಟ್ಟಿದ ಈ ಕಾನೂನನ್ನು ತರುವಾಯ ತೋಟಗಳ ಧಣಿಗಳೂ ಉಪಯೋಗಿಸಿಕೊಂಡರು. ಮಾತು ಮುರಿದ ಧಣಿಗೆ ಅದರಲ್ಲಿ ಸೆರೆಯಿರಲಿಲ್ಲ. ಮಾತು ಮುರಿದ ಕೂಲಿಗೆ ಇತ್ತು. 1925 ರ ಶಾಸನದಿಂದ ಬ್ರಿಟಿಷ್ ಇಂಡಿಯಾದಲ್ಲಿ ಅದು ರದ್ದಾಯಿತು.

3. ಈಗಿನ ಕಾನೂನು

1950 ರ ಜನವರಿ 26 ರಂದು ಜಾರಿಗೆ ಬಂದ ಸಂವಿಧಾನದ 23 ನೆಯ ಅನುಚ್ಛೇದವು ಬಿಟ್ಟಿ ಚಾಕರಿಯನ್ನೂ ಬಲಾತ್ಕಾರದ ದುಡಿಮೆಯನ್ನೂ ನಿಷೇಧಿಸಿದೆ. 1976 ರ ಜೀತ ಪದ್ಧತಿ ರದ್ದಿಯಾತಿ ಕಾಯಿದೆಯು ಇದನ್ನು ವಿವರವಾಗಿ ಹೇಳುತ್ತದೆ. ಅದರ ಮುಖ್ಯ ಸಂಗತಿಗಳನ್ನು ಮನಸ್ಸಿನಲ್ಲಿಡಿರಿ.

ಒಂದನೆಯದು, ಜೀತಕ್ಕೆ ಕಾರಣವಾದ ಸಾಲವು ಅಳಿದುಹೋಗುತ್ತದೆ. ಅದಕ್ಕಾಗಿ ಒತ್ತೆಯಿಟ್ಟ ಆಸ್ತಿಯು ಬಿಡುಗಡೆಯಾಗುತ್ತದೆ. ಎರಡನೆಯದು, ಅಳಿದುಹೋದ ಸಾಲಕ್ಕೆ ಧಣಿಯು ಹಣ ತೆಗೆದುಕೊಂಡರೆ ಅದೇ ಅಪರಾಧ. ಮೂರನೆಯದು, ಜೀತಕ್ಕೆ ಪ್ರತಿಫಲವಾಗಿ ಕೊಟ್ಟ ವಾಸದ ಮನೆಯಿಂದ ಬಿಡುಗಡೆ ಹೊಂದಿದವನನ್ನು ಹೊರಡಿಸಕೂಡದು. ನಾಲ್ಕನೆಯದು, ಸಾಲವು ಜೀತದ ಸಾಲವಲ್ಲವೆಂದು ರುಜುಪಡಿಸುವ ಭಾರವು ಸಾಲಕೊಟ್ಟವನ ಮೇಲೆಯೇ ಇದೆ. ಐದನೆಯದು, ಜೀತಕ್ಕೆ ಬಲವಂತಪಡಿಸುವವನಿಗೆ ಮೂರು ವರುಷಗಳವರೆಗೆ ಸೆರೆಯೂ 2,000 ರೂಪಾಯಿಯವರೆಗೆ ದಂಡವೂ ಉಂಟು.

ಕ್ರೈಸ್ತರಾದವರಿಗೆ ಇನ್ನೊಂದು ಮಾತು. 1950 ರ ರಾಷ್ಟ್ರಪತಿಗಳ ಆಜ್ಞೆಯ ಮೇರೆಗೆ ಪರಿಶಿಷ್ಟ ಜಾತಿಯ ಸ್ಥಾನವು ಕ್ರೈಸ್ತರಿಗೆ ದೊರೆಯುವದಿಲ್ಲ. ಇದರಿಂದ ಕೆಲವರು ತಮಗೆ ಯಾವ ಕಾನೂನಿನ ಆಶ್ರಯವೂ ಇಲ್ಲವೆಂದು ತಿಳಿದು ಸುಮ್ಮನಿರಬಹುದು. ಅದು ಸರಿಯಲ್ಲ. ಜೀತದ ಕಾಯಿದೆಯು ಬಿಡುಗಡೆ ಕೊಡುವಾಗ ಜಾತಿಯನ್ನಾಗಲಿ ಮತವನ್ನಾಗಲಿ ಕೇಳುವದಿಲ್ಲ.

4. ಎಲ್ಲಾ ಮುಂಗಡವೂ ಜೀತವಲ್ಲ

ಇಲ್ಲಿ ವಿವೇಚನೆ ಬೇಕು. ಮುಂಗಡವನ್ನು ಲೆಕ್ಕದಂತೆ ಮುರಿದುಕೊಂಡು, ಸರಕಾರವು ಗೊತ್ತುಮಾಡಿದ ಕನಿಷ್ಠ ಕೂಲಿಯನ್ನು ಕೊಟ್ಟು, ಬೇಕಾದಲ್ಲಿಗೆ ಹೋಗಬಿಡುವ ಧಣಿಯು ಜೀತಮಾಡಿಸುವವನಲ್ಲ. ಅಂಥವನ ಹಣವನ್ನು ತಕ್ಕೊಂಡು ರಾತ್ರಿಯಲ್ಲಿ ಬೇರೆ ತೋಟಕ್ಕೆ ಓಡಿಹೋಗುವದು ಪಾಪ. ಸಾಲ ತೀರಿಸದಿರುವದು ದುಷ್ಟನ ಗುಣವೆಂದು 37 ನೆಯ ಕೀರ್ತನೆಯು ಕಲಿಸುತ್ತದಲ್ಲಾ. ಆದರೆ ಮುಂಗಡದ ನೆವದಿಂದ ಹೆಸರಿಗೆ ಮಾತ್ರ ಕೂಲಿ ಕೊಟ್ಟರೆ, ಬೇರೆ ಕೆಲಸ ಹುಡುಕಗೊಡದಿದ್ದರೆ, ಮನೆಯವರನ್ನು ಒತ್ತೆಯಂತೆ ಹಿಡಿದರೆ, ಅದು ಜೀತವೇ. ಸಾಲವು ಹಣದ ಮೇಲಿನದು. ಕ್ರಿಸ್ತನು ಕ್ರಯಕ್ಕೆ ಕೊಂಡ ದೇಹದ ಮೇಲಿನದಲ್ಲ.

5. ನಾವು ಮಾಡತಕ್ಕದ್ದು

ಬರೆಯದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿರಿ. ಪಡೆದ ಮುಂಗಡ, ದುಡಿದ ದಿನ, ಮುರಿದ ಹಣ ಇವುಗಳ ಲೆಕ್ಕವನ್ನು ಓದುಬಲ್ಲ ಮಕ್ಕಳಿಂದ ಬರೆಸಿಡಿರಿ. ಪಡಿತರ ಚೀಟಿಯನ್ನೂ ಆಧಾರ್ ಕಾರ್ಡನ್ನೂ ಯಾರ ವಶಕ್ಕೂ ಕೊಡಬೇಡಿರಿ. ಅನ್ಯಾಯವಾದರೆ ತಹಸೀಲ್ದಾರರಿಗಾಗಲಿ, ಉಪವಿಭಾಗಾಧಿಕಾರಿಗಳಿಗಾಗಲಿ, ಜಿಲ್ಲಾಧಿಕಾರಿಗಳಿಗಾಗಲಿ ಅರ್ಜಿ ಕೊಡಿರಿ. 1987 ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆಯಂತೆ ಹೆಂಗಸರಿಗೂ ಬಿಟ್ಟಿ ದುಡಿಮೆಗೆ ಸಿಕ್ಕಿದವರಿಗೂ ವಕೀಲರ ಸಹಾಯವು ಧರ್ಮಾರ್ಥವಾಗಿ ದೊರೆಯುತ್ತದೆ. 15100 ಎಂಬ ದೂರವಾಣಿ ಸಂಖ್ಯೆಯಲ್ಲಿ ಕೇಳಬಹುದು.

ಅರ್ಜಿ ಕೊಡುವದು ನಂಬಿಕೆಯ ಕೊರತೆಯೆಂದು ಹಿಂಜರಿಯಬೇಡಿರಿ. ಪೌಲನು ಕ್ರಿಸ್ತನಿಗೋಸ್ಕರ ಅನೇಕ ಸಾರಿ ಪೆಟ್ಟು ತಿಂದವನು. ಆದರೂ ಯೆರೂಸಲೇಮಿನಲ್ಲಿ ಅವನನ್ನು ಬಾರುಗಳಿಂದ ಕಟ್ಟಿದಾಗ ತಾನು ರೋಮಾಪುರದ ಹಕ್ಕುಳ್ಳವನೆಂದು ಶತಾಧಿಪತಿಗೆ ತಿಳಿಸಿದನು. ಹಗೆಯಿಲ್ಲದೆ ಕೇಳಿದ ಹಕ್ಕು ಸಾಕ್ಷಿಯೇ ಆಗಿದೆ. ನಮ್ಮ ಸಭೆಗಳಲ್ಲಿ ಮೇಸ್ತ್ರಿಗಳೂ ಸಣ್ಣ ತೋಟದವರೂ ಇದ್ದರೆ, ಅವರು ನೆಹೆಮೀಯನಂತೆ ಮೊದಲು ತಮ್ಮ ಲೆಕ್ಕದ ಪುಸ್ತಕವನ್ನೇ ನೋಡಿಕೊಳ್ಳಲಿ.

ಅಭ್ಯಾಸದ ಪ್ರಶ್ನೆಗಳು

1. ಎಲೀಷನು ವಿಧವೆಗೆ ಕೊಟ್ಟ ಆಲೋಚನೆಯಲ್ಲಿ ಸಾಲ ಕೊಟ್ಟವನಿಗೂ ಮಕ್ಕಳಿಗೂ ಹೇಗೆ ನ್ಯಾಯವಾಯಿತು?
2. 1859 ರ ಕಾನೂನಿನಲ್ಲಿದ್ದ ಪಕ್ಷಪಾತವೇನು?
3. ನ್ಯಾಯವಾದ ಮುಂಗಡಕ್ಕೂ ಜೀತಕ್ಕೂ ಭೇದವೇನು?
4. ನಿಮ್ಮ ಲೈನಿನಲ್ಲಿ ಲೆಕ್ಕ ಬರೆಯಲಾರದವರು ಯಾರಿದ್ದಾರೆ? ಅವರಿಗೆ ಸಭೆಯು ಹೇಗೆ ಸಹಾಯ ಮಾಡಬಹುದು?

ಪ್ರಾರ್ಥನೆಯ ವಿಷಯ: ಸಾಲದ ಭಯದಿಂದ ಬಾಯಿ ಮುಚ್ಚಿಕೊಂಡಿರುವ ಮನೆಗಳಿಗೋಸ್ಕರವೂ, ಅರ್ಜಿಗಳನ್ನು ವಿಚಾರಿಸುವ ಅಧಿಕಾರಿಗಳಿಗೋಸ್ಕರವೂ.